ಮೂರು ಭಾಷೆಯ ನಡುವೆ ನಿಮಗೆ ಮಾತು ತಪ್ಪುವುದಿಲ್ಲವೇ?

ಪ್ರಶ್ನೆ: ಕಾಸರಗೋಡು ಪೇಟೆಯ ಹೆಂಗಸರು ಒಂದೇ ದಿನದಲ್ಲಿ ಕನ್ನಡ, ತುಳು, ಮಲಯಾಳ ಎಲ್ಲವನ್ನೂ ಮಾತಾಡುತ್ತೀರಂತೆ. ಒಂದರೊಳಗೊಂದು ಸೇರಿ ಎಡವಟ್ಟಾಗುವುದಿಲ್ಲವೇ?

ಉತ್ತರ: ಆಗುತ್ತದೆ, ಹೆಚ್ಚಾಗಿ ಜಿನಸಿನ ಅಂಗಡಿಯಲ್ಲಿ. ಪುತ್ತೂರಿನಿಂದ ನಮ್ಮ ಪಕ್ಕದ ಮನೆಗೆ ಮದುವೆಯಾಗಿ ಬಂದ ಹುಡುಗಿ ಮೊದಲ ವಾರವೇ ಅಂಗಡಿಗೆ ಹೋಗಿ, ಸಕ್ಕರೆಗೆ ಮಲಯಾಳದಲ್ಲಿ ಹೀಗೇ ಇರಬೇಕೆಂದು 'ಶರ್ಕರ' ಒಂದು ಕಿಲೋ ಕೇಳಿದಳು. ಮನೆಗೆ ಬಂದು ಪೊಟ್ಟಣ ಬಿಚ್ಚಿದರೆ ಬೆಲ್ಲ! ಮಲಯಾಳದಲ್ಲಿ ಶರ್ಕರ ಎಂದರೆ ಬೆಲ್ಲವೇ. ಸಕ್ಕರೆಗೆ ಪಂಚಸಾರ ಎನ್ನಬೇಕು. ಆ ಸಂಜೆ ಅವರ ಮನೆಯಲ್ಲಿ ಎಲ್ಲರಿಗೂ ಬೆಲ್ಲದ ಕಾಪಿ. 'ಪಟ್ಟಿ ತಂದಿದ್ದೇನೆ' ಎನ್ನುವಾಗಲೂ ಜಾಗ್ರತೆ ಬೇಕು, ಮಲಯಾಳದಲ್ಲಿ ಪಟ್ಟಿ ಎಂದರೆ ನಾಯಿ.

ಇಂಥ ಒಂದೆರಡು ಏಟು ತಿಂದ ಮೇಲೆ ನಾಲಿಗೆ ತಾನೇ ದಾರಿ ಹಿಡಿಯುತ್ತದೆ. ನಾವು ಭಾಷೆಯನ್ನು ನೆನಪಿಡುವುದು ಮುಖ ನೋಡಿ. ಬೆಳಿಗ್ಗೆ ಮೀನಿನ ಬುಟ್ಟಿ ಇಳಿಸಿ 'ಅಕ್ಕ, ಬೂತಾಯಿ ಬೋಡಾ?' ಎನ್ನುವವಳಿಗೆ ತುಳು. ಅದೇ ಮೀನು, ಮಾರ್ಕೆಟಿನಲ್ಲಿ ಮಲಯಾಳ ಮಾತಾಡುವ ಚೇಚಿಯ (ಅಕ್ಕನ) ಬಳಿ ಮತ್ತಿಯಾಗುತ್ತದೆ, ಬಂಗುಡೆ ಅಯಲವಾಗುತ್ತದೆ. ಬೆಲೆ ಕೇಳುವುದು ಮಾತ್ರ ಬಲು ಸುಲಭ: ಎಷ್ಟು, ಏತ್, ಎತ್ರ. ಮೂರೂ ಒಂದೇ ಮನೆಯ ಮಕ್ಕಳ ಹಾಗೆ ಕೇಳಿಸುತ್ತವೆ. ಮಂಗಳೂರಿಗೆ ಕೆಲಸಕ್ಕೆ ಹೋಗುವವರ ರೈಲಿನಲ್ಲಿ ಕೂತು ನೋಡಿ. ಕಾಸರಗೋಡಿನಲ್ಲಿ ಮಲಯಾಳದಲ್ಲಿ ಶುರುವಾದ ಅತ್ತೆ-ಸೊಸೆ ವಿಚಾರ, ಕುಂಬಳೆ, ಉಪ್ಪಳ ದಾಟಿ ಮಂಜೇಶ್ವರದಲ್ಲಿ ಗೆಳತಿಯರು ಹತ್ತುವಷ್ಟರಲ್ಲಿ ತುಳುವಿಗೆ ಹೊರಳಿರುತ್ತದೆ. ಕಥೆಯ ಎಳೆ ಯಾರಿಗೂ ತಪ್ಪಿರುವುದಿಲ್ಲ.

ಕನ್ನಡ ಎಲ್ಲಿ ಎಂದು ನೀವು ಕೇಳಬಹುದು. 1956ರ ನವೆಂಬರ್ 1ಕ್ಕೆ ಕೇರಳಕ್ಕೆ ಸೇರುವ ಮೊದಲು ಇದು ದಕ್ಷಿಣ ಕನ್ನಡ ಜಿಲ್ಲೆಯ ತಾಲೂಕು. ನನ್ನ ಅಜ್ಜಿ ಓದಿದ್ದು ಕನ್ನಡ ಶಾಲೆಯಲ್ಲಿ, ಹಾಲಿನ ಲೆಕ್ಕ ಬರೆದದ್ದು ಕನ್ನಡದಲ್ಲಿ. ನಾನೂ ತೆಂಗಿನಕಾಯಿ ಎಣಿಸುವುದು ಕನ್ನಡದಲ್ಲೇ. ಬೇರೆ ಭಾಷೆಯಲ್ಲಿ ಎಣಿಸಿದರೆ ಇಪ್ಪತ್ತು ದಾಟುವಾಗ ಲೆಕ್ಕ ತಪ್ಪುತ್ತದೆ. ಮಕ್ಕಳ ಬಾಯಲ್ಲೂ ಈ ಎಣಿಕೆ ಉಳಿಯಬೇಕೆಂದು ನನಗೆ ತುಂಬಾ ಆಸೆ.

ಪಕ್ಕದ ಮನೆಯ ಹುಡುಗಿ ಈಗ ಪಳಗಿದ್ದಾಳೆ. ಮೊನ್ನೆ ಅವಳ ಅಡುಗೆಮನೆಯ ಗೋಡೆಯಲ್ಲಿ ಚೀಟಿ ಕಂಡೆ, ದುಂಡಗಿನ ಕನ್ನಡ ಅಕ್ಷರದಲ್ಲಿ: ಪಂಚಸಾರ 1 ಕಿಲೋ, ನೀರುಳ್ಳಿ 2 ಕಿಲೋ, ಬೂತಾಯಿ ಸಿಕ್ಕಿದರೆ.