ರೂಲ್‌ಗಳು ನಡೆಯುವ ದಿಕ್ಕು: ಫಾರ್ವರ್ಡ್, ಬ್ಯಾಕ್‌ವರ್ಡ್ ಚೈನಿಂಗ್‌ನ ಹಿನ್ನೆಲೆ

ಎಐ ಒಂದು ಉತ್ತರ ಕೊಟ್ಟಾಗ ‘ಯಾಕೆ’ ಎಂದು ಕೇಳಬಹುದೇ? ಈ ಚರ್ಚೆ ಎದ್ದಾಗಲೆಲ್ಲ ತಜ್ಞರ ತಿಳಿವನ್ನು ರೂಲ್‌ಗಳಾಗಿ ಬರೆದಿಟ್ಟ ಎಕ್ಸ್‌ಪರ್ಟ್ ಸಿಸ್ಟಮ್‌ಗಳ ಕಾಲದ ಫಾರ್ವರ್ಡ್ ಚೈನಿಂಗ್, ಬ್ಯಾಕ್‌ವರ್ಡ್ ಚೈನಿಂಗ್ ಮಾತು ಬರುತ್ತದೆ. ಯಾವುದು ಮೇಲು ಎನ್ನುವ ವಾದದಲ್ಲೇ ಮಾತು ಮುಗಿದುಹೋಗುತ್ತದೆ.

ಎರಡಕ್ಕೂ ಬೇಕಾದದ್ದು ‘ಹೀಗಿದ್ದರೆ ಹಾಗೆ’ ಎನ್ನುವ ರೂಲ್‌ಗಳೇ. ಕೈಯಲ್ಲಿರುವ ಮಾಹಿತಿಗೆ ಹೊಂದುವ ರೂಲ್ ಹಚ್ಚಿ, ಬಂದದ್ದನ್ನು ಮಾಹಿತಿಗೆ ಸೇರಿಸಿಕೊಂಡು ಮುಂದೆ ಸಾಗಿದರೆ ಫಾರ್ವರ್ಡ್. ಮೊದಲು ಒಂದು ಊಹೆ ಇಟ್ಟುಕೊಂಡು, ಅದು ನಿಜವಾಗಲು ಏನೇನು ಬೇಕು ಎಂದು ಹುಡುಕುತ್ತಾ ಹೋದರೆ ಬ್ಯಾಕ್‌ವರ್ಡ್.

1943ರಲ್ಲಿ ಗಣಿತಜ್ಞ ಎಮಿಲ್ ಪೋಸ್ಟ್ ಕಾಗದದ ಮೇಲೆ ಬರೆದ ಇಂಥ ರೂಲ್‌ಗಳು ಎಐ ಸಂಶೋಧಕರಾದ ಅಲೆನ್ ನ್ಯೂವೆಲ್ ಮತ್ತು ಹರ್ಬರ್ಟ್ ಸೈಮನ್ ಅವರ ಕೈಗೆ ಬಂದು, ಮನುಷ್ಯ ಯೋಚಿಸುವ ಬಗೆಯ ಮಾದರಿಯಾದವು. ನಿಜವಾದ ಕಥೆ ಶುರುವಾಗುವುದು 1970ರ ದಶಕದ ಸ್ಟಾನ್‌ಫರ್ಡ್‌ನಲ್ಲಿ.

ಅಲ್ಲಿ ಎಡ್ವರ್ಡ್ ಶಾರ್ಟ್‌ಲಿಫ್ ಮತ್ತು ಸಂಗಡಿಗರು ಮೈಸಿನ್ ಎಂಬ ಎಕ್ಸ್‌ಪರ್ಟ್ ಸಿಸ್ಟಮ್ ಕಟ್ಟಿದರು. ರಕ್ತದ ಸೋಂಕಿಗೆ ಯಾವ ಬ್ಯಾಕ್ಟೀರಿಯಾ ಕಾರಣ, ಯಾವ ಆಂಟಿಬಯಾಟಿಕ್ ಕೊಡಬೇಕು ಎಂದು ಹೇಳುವುದು ಅದರ ಕೆಲಸ. ಅದರ ಒಂದು ರೂಲ್ ನೋಡಿ: ಬ್ಯಾಕ್ಟೀರಿಯಾ ಗ್ರಾಮ್ ನೆಗೆಟಿವ್ (ಗ್ರಾಮ್ ಎಂಬ ಬಣ್ಣದ ಪರೀಕ್ಷೆಯಲ್ಲಿ ನೆಗೆಟಿವ್) ಆಗಿ, ಕಡ್ಡಿಯಾಕಾರದಲ್ಲಿದ್ದು, ಆಮ್ಲಜನಕ ಇಲ್ಲದೆ ಬೆಳೆಯುತ್ತಿದ್ದರೆ, ಅದು ಬ್ಯಾಕ್ಟೀರಾಯ್ಡಿಸ್ ಎಂಬ ಬಗೆಯದು ಎನ್ನಲು 1ಕ್ಕೆ 0.6ರಷ್ಟು ಆಧಾರವಿದೆ. ಊಹೆಯಿಂದ ಹಿಂದಕ್ಕೆ ನಡೆಯುವುದರಿಂದ ಮೈಸಿನ್ ಸುಮ್ನೆ ಎಲ್ಲವನ್ನೂ ಕೇಳುತ್ತಿರಲಿಲ್ಲ. ಆ ಹೊತ್ತಿನ ಊಹೆಗೆ ಬೇಕಾದ್ದನ್ನು ಕೇಳುತ್ತಿತ್ತು. ವೈದ್ಯರು ‘ಇದನ್ನ್ಯಾಕೆ ಕೇಳ್ತಿದೀಯ’ ಎಂದರೆ, ಆಗ ಹಿಡಿದಿರುವ ರೂಲ್ ತೋರಿಸುತ್ತಿತ್ತು. ಗುರಿ ಮೊದಲೇ ಇರುವುದರಿಂದ ಆ ಉತ್ತರ ಸಿದ್ಧವಾಗಿಯೇ ಇರುತ್ತಿತ್ತು. ನನಗೆ ಇವತ್ತಿಗೂ ದೊಡ್ಡದೆನಿಸುವ ಗುಣ ಇದೇ.

ಮೆನಿಂಜೈಟಿಸ್ ಪ್ರಕರಣಗಳ ಮೇಲೆ ನಡೆದ ಪರೀಕ್ಷೆಯಲ್ಲಿ ಅದರ ಸಲಹೆಗಳು ತಜ್ಞ ವೈದ್ಯರ ಸಲಹೆಗಳಿಗೆ ಸರಿಸಮವಾಗಿ ನಿಂತವು. ಆದರೂ ವಾರ್ಡಿನ ದಿನನಿತ್ಯದ ಕೆಲಸಕ್ಕೆ ಮೈಸಿನ್ ಬರಲೇ ಇಲ್ಲ.

ಫಾರ್ವರ್ಡ್ ಹೆಸರು ಮಾಡಿದ್ದು ಕಾರ್ಖಾನೆಯಲ್ಲಿ. ಕಾರ್ನೆಗಿ ಮೆಲನ್‌ನ ಜಾನ್ ಮೆಕ್‌ಡರ್ಮಟ್ ಕಟ್ಟಿದ ಎಕ್ಸ್‌ಕಾನ್ ಎಂಬ ಸಿಸ್ಟಮ್ 1980ರ ಹೊತ್ತಿಗೆ ಡಿಜಿಟಲ್ ಎಕ್ವಿಪ್‌ಮೆಂಟ್ ಕಂಪನಿಯಲ್ಲಿ ಕೆಲಸಕ್ಕೆ ನಿಂತಿತು. ಗ್ರಾಹಕರು ವ್ಯಾಕ್ಸ್ ಕಂಪ್ಯೂಟರ್‌ಗೆ ಆರ್ಡರ್ ಕೊಟ್ಟರೆ, ಬಿಟ್ಟುಹೋದ ಕೇಬಲ್ ಸೇರಿಸಿ, ಯಾವ ಬೋರ್ಡ್ ಯಾವ ಪೆಟ್ಟಿಗೆಯಲ್ಲಿ ಎಂದು ಜೋಡಿಸುತ್ತಿತ್ತು. ಇಲ್ಲಿ ಊಹೆಯಿಂದ ಶುರುಮಾಡಿದರೆ ಕೆಲಸ ಆಗುವುದಿಲ್ಲ. ಕೊನೆಗೆ ಏನು ತಯಾರಾಗುತ್ತದೆ ಎಂದು ಮೊದಲೇ ಗೊತ್ತಿಲ್ಲ, ಅಲ್ವಾ? ಪ್ರತಿ ಸಲ ಎಲ್ಲ ರೂಲ್‌ಗಳನ್ನೂ ಎಲ್ಲ ಮಾಹಿತಿಯ ಜೊತೆ ಹೋಲಿಸುವ ಹೊರೆಯನ್ನು ಚಾರ್ಲ್ಸ್ ಫೋರ್ಜಿಯ ರೀಟೆ ವಿಧಾನ ಇಳಿಸಿತು. ಅರ್ಧ ಹೊಂದಿದ್ದನ್ನು ನೆನಪಿಟ್ಟು, ಬದಲಾದಷ್ಟನ್ನೇ ಮತ್ತೆ ನೋಡುವುದು ಅದರ ಉಪಾಯ. ಆದರೆ ರೂಲ್‌ಗಳು ಸಾವಿರಾರು ಆದಂತೆ ಅವನ್ನು ಸರಿಯಾಗಿಡುವುದೇ ದೊಡ್ಡ ಕೆಲಸವಾಯಿತು.

ಆ ಹೊತ್ತಿಗೆ ಬ್ಯಾಕ್‌ವರ್ಡ್ ದಾರಿಯ ಪ್ರೊಲಾಗ್ ಪ್ರೋಗ್ರಾಮಿಂಗ್ ಭಾಷೆ ಯುರೋಪಿನಿಂದ ಜಪಾನಿನವರೆಗೆ ಹೋಗಿತ್ತು. 1980ರ ದಶಕ ಮುಗಿಯುವಾಗ ಎಕ್ಸ್‌ಪರ್ಟ್ ಸಿಸ್ಟಮ್‌ಗಳಿಗೆ ಬರುತ್ತಿದ್ದ ಹಣವೂ ಅವುಗಳ ಮೇಲಿನ ಉತ್ಸಾಹವೂ ಇಳಿದವು.

ಸೋತದ್ದು ಯಾವ ದಿಕ್ಕು? ನನ್ನ ಮಟ್ಟಿಗೆ ಯಾವುದೂ ಅಲ್ಲ. ಕೊರತೆ ಬೇರೆ ಕಡೆ ಇತ್ತು. ಮೈಸಿನ್ ರೂಲ್‌ಗಳಿಂದ ವಿದ್ಯಾರ್ಥಿಗಳಿಗೆ ಪಾಠ ಹೇಳಲು ಹೊರಟ ವಿಲಿಯಂ ಕ್ಲ್ಯಾನ್ಸಿ ಅದನ್ನು ಎತ್ತಿ ತೋರಿಸಿದರು. 8 ವರ್ಷದೊಳಗಿನ ಮಕ್ಕಳಿಗೆ ಟೆಟ್ರಾಸೈಕ್ಲಿನ್ ಆಂಟಿಬಯಾಟಿಕ್ ಬೇಡ ಎಂಬ ರೂಲ್ ಇತ್ತು. ಅದರಿಂದ ಬೆಳೆಯುವ ಹಲ್ಲಿಗೆ ಕಲೆಯಾಗುತ್ತದೆ ಎಂಬ ಕಾರಣ ಸಿಸ್ಟಮ್‌ನಲ್ಲಿ ಎಲ್ಲೂ ಇರಲಿಲ್ಲ! ಬರೆದವರ ತಲೆಯಲ್ಲಿತ್ತು, ಅಷ್ಟೇ.

ಇಂದು ದಿಕ್ಕಿನ ಜಗಳ ಹೆಚ್ಚುಕಡಿಮೆ ತೀರಿದೆ. ಫಾರ್ವರ್ಡ್ ಆಗಿ ಶುರುವಾದ ಡ್ರೂಲ್ಸ್ ಎಂಬ ರೂಲ್ ಎಂಜಿನ್ (ರೂಲ್‌ಗಳನ್ನು ಓಡಿಸುವ ಸಾಫ್ಟ್‌ವೇರ್) ಆಮೇಲೆ ಬ್ಯಾಕ್‌ವರ್ಡ್ ಅನ್ನೂ ಸೇರಿಸಿಕೊಂಡಿತು. ಇಂಥ ರೂಲ್ ಎಂಜಿನ್‌ಗಳು ಬ್ಯಾಂಕು, ವಿಮೆಗಳಲ್ಲಿ ದುಡಿಯುತ್ತಿವೆ. ಯಾವ ರೂಲ್ ಯಾವಾಗ ಓಡಿತು ಎಂದು ಲಾಗ್ ಬರೆದಿಡಲು ಅವುಗಳಿಗೆ ಕಷ್ಟವಿಲ್ಲ. ಆ ರೂಲ್ ಯಾಕೆ ಬಂತು ಎನ್ನುವುದನ್ನು ಮಾತ್ರ ಈಗಲೂ ಮನುಷ್ಯರೇ ಬರೆಯಬೇಕು.