ಡಿಯೋ ಹಾಡಿದ್ದೂ ಬ್ಲ್ಯಾಕ್ ಸಬ್ಬತ್ತೇನಾ?

ಪ್ರಶ್ನೆ: ಬ್ಲ್ಯಾಕ್ ಸಬ್ಬತ್ ಅಂದರೆ ಓಜಿ ಆಸ್ಬರ್ನ್ ಅಲ್ವಾ? ರಾನಿ ಜೇಮ್ಸ್ ಡಿಯೋ ಹಾಡಿದ ಆಲ್ಬಮ್‌ಗಳನ್ನೂ ಅದೇ ತಂಡದ ಲೆಕ್ಕಕ್ಕೆ ಸೇರಿಸಬೇಕಾ?

ಉತ್ತರ: ಖಂಡಿತ ಸೇರಿಸಬೇಕು. ಹೆವಿ ಮೆಟಲ್ ಎಂಬ ಗಡುಸಾದ ರಾಕ್ ಸಂಗೀತಕ್ಕೆ ಅಡಿಪಾಯ ಹಾಕಿದ್ದು ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್‌ನ ಈ ತಂಡದ ನಾಲ್ವರು, ಓಜಿಯ ದನಿಯಲ್ಲಿ. ಅದರಲ್ಲಿ ಎರಡು ಮಾತಿಲ್ಲ. ಎಂಟು ಆಲ್ಬಮ್ ಆದ ಮೇಲೆ, 1979ರಲ್ಲಿ, ತಂಡ ಓಜಿಯನ್ನು ಕೈಬಿಟ್ಟಿತು. ಆ ಜಾಗಕ್ಕೆ ಬಂದವರು ಅಮೆರಿಕದ ಡಿಯೋ. ರೇನ್‌ಬೋ ತಂಡದಲ್ಲಿ ಅವರು ಆಗಲೇ ಹೆಸರು ಮಾಡಿದ್ದರು.

ಅವರು ಬಂದು ಸುಮ್ನೆ ಓಜಿಯ ಹಾಗೆ ಹಾಡಲಿಲ್ಲ. ಹಾಡು ಕಟ್ಟುವ ರೀತಿಯೇ ಬದಲಾಯಿತು. ‘ಐರನ್ ಮ್ಯಾನ್’ ಕೇಳಿ. ಗಿಟಾರ್ ಹೋದ ಕಡೆಗೇ ಓಜಿಯ ದನಿಯೂ ಹೋಗುತ್ತದೆ, ಅದರ ಹೆಜ್ಜೆಯ ಮೇಲೇ ಹೆಜ್ಜೆ ಇಟ್ಟ ಹಾಗೆ. ಆ ಹಾಡು ಹೆದರಿಸುವುದೇ ಹಾಗೆ. ಈಗ 1980ರ ‘ಹೆವನ್ ಆ್ಯಂಡ್ ಹೆಲ್’ ಕೇಳಿ. ಡಿಯೋ ಹಾಡಲು ಶುರು ಮಾಡುತ್ತಿದ್ದ ಹಾಗೆ ಟೋನಿ ಅಯೋಮಿಯ ಗಿಟಾರ್ ಹಿಂದೆ ಸರಿಯುತ್ತದೆ. ಬೇಸ್ ಮತ್ತು ಡ್ರಮ್ಸ್ ಮಾತ್ರ ನಡೆಯುತ್ತಿರುತ್ತವೆ. ಆ ಖಾಲಿ ಜಾಗದಲ್ಲಿ ಡಿಯೋ ತಮ್ಮದೇ ದಾರಿ ಹಿಡಿದು ಏರುತ್ತಾರೆ. ಹುಡುಗನಾಗಿದ್ದಾಗ ಟ್ರಂಪೆಟ್ ನುಡಿಸುತ್ತಿದ್ದರು. ಉಸಿರಿನ ಹಿಡಿತ ಬಂದದ್ದು ಅಲ್ಲಿಂದಲೇ ಎಂದು ಅವರೇ ಹೇಳುತ್ತಿದ್ದರು. ಮೊದಲು ಸಾಹಿತ್ಯ ಹೆಚ್ಚಾಗಿ ಬೇಸ್ ನುಡಿಸುವ ಗೀಜರ್ ಬಟ್ಲರ್ ಅವರದು. ಡಿಯೋ ತಮ್ಮ ಹಾಡು ತಾವೇ ಬರೆದರು.

ಬೆರಳಿನಲ್ಲಿ ಕೊಂಬು ಮಾಡಿ ತೋರಿಸುತ್ತಾರಲ್ಲ, ಅದನ್ನು ಡಿಯೋ ಮೆಟಲ್ ವೇದಿಕೆಯಲ್ಲಿ ಮನೆಮಾತು ಮಾಡಿದ್ದೂ ಇದೇ ಕಾಲದಲ್ಲಿ. ಓಜಿ ಎರಡು ಬೆರಳೆತ್ತಿ ಶಾಂತಿಯ ಗುರುತು ತೋರಿಸುತ್ತಿದ್ದರು. ಡಿಯೋಗೆ ತಮ್ಮದೇ ಒಂದು ಬೇಕಿತ್ತು. ಇಟಲಿ ಮೂಲದ ಅಜ್ಜಿ ಕೆಟ್ಟ ಕಣ್ಣು ಬೀಳದಿರಲಿ ಎಂದು ಹಾಗೆ ಬೆರಳು ಮಾಡುತ್ತಿದ್ದರಂತೆ. ನಮ್ಮ ಅಜ್ಜಿಯರು ದೃಷ್ಟಿ ತೆಗೆಯುತ್ತಾರಲ್ಲ, ಅದೇ ಭಾವ. ಸೈತಾನನಿಗೂ ಅದಕ್ಕೂ ಸಂಬಂಧ ಇಲ್ಲ.

1981ರಲ್ಲಿ ‘ಮಾಬ್ ರೂಲ್ಸ್’ ಆಲ್ಬಮ್ ಬಂತು. ಮರುವರ್ಷ ಲೈವ್ ಆಲ್ಬಮ್‌ನ ಮಿಕ್ಸಿಂಗ್ (ದನಿ, ವಾದ್ಯಗಳ ಮಟ್ಟ ಹೊಂದಿಸುವ ಕೆಲಸ) ವಿಷಯಕ್ಕೆ ಜಗಳವಾಗಿ ಡಿಯೋ ಹೊರನಡೆದರು. 1992ರ ‘ಡಿಹ್ಯೂಮನೈಜರ್’ಗೆ ಮತ್ತೆ ಸೇರಿದರು. ಆದರೆ ಅದೇ ವರ್ಷ ಓಜಿಯ ಸಂಗೀತ ಕಾರ್ಯಕ್ರಮಕ್ಕೆ ಮೊದಲು ಹಾಡುವ ತಂಡವಾಗಿ ಹೋಗಬೇಕಾಗಿ ಬಂದಾಗ ಒಪ್ಪಲಿಲ್ಲ, ಬಿಟ್ಟರು. ಹಟ ಅಂತ ಕೆಲವರು ಅಂದರು. ನನಗೆ ಅದು ಮರ್ಯಾದೆಯ ಪ್ರಶ್ನೆ ಅಂತಲೇ ಅನಿಸುತ್ತದೆ.

ನಿಮ್ಮ ಗೊಂದಲಕ್ಕೆ ಇನ್ನೊಂದು ಕಾರಣವೂ ಇರಬಹುದು. 2006ರಲ್ಲಿ ಡಿಯೋ, ಅಯೋಮಿ, ಬಟ್ಲರ್, ಡ್ರಮ್ಸ್‌ನ ವಿನ್ನಿ ಅಪ್ಪೀಸ್ ಮತ್ತೆ ಒಂದಾದರು. ‘ಮಾಬ್ ರೂಲ್ಸ್’ ಮಾಡಿದ ಅದೇ ನಾಲ್ವರು. ಆದರೂ ಹೆಸರು ಬ್ಲ್ಯಾಕ್ ಸಬ್ಬತ್ ಅಲ್ಲ, ‘ಹೆವನ್ ಆ್ಯಂಡ್ ಹೆಲ್’ ಅಂತ ಇಟ್ಟುಕೊಂಡರು. ಆ ಹೆಸರಲ್ಲಿ 2009ರಲ್ಲಿ ಒಂದು ಆಲ್ಬಮ್ ಬಂತು. ಮರುವರ್ಷ ಮೇ 16ರಂದು ಹೊಟ್ಟೆಯ ಕ್ಯಾನ್ಸರ್‌ನಿಂದ ಡಿಯೋ ತೀರಿಕೊಂಡರು. ಆಗ ಅವರಿಗೆ 67.

ಹೊಸದಾಗಿ ಕೇಳುವುದಾದರೆ ‘ಚಿಲ್ಡ್ರನ್ ಆಫ್ ದ ಸೀ’ಯಿಂದ ಶುರು ಮಾಡಿ. ಡಿಯೋ ಮತ್ತು ಅಯೋಮಿ ಮೊದಲ ಸಲ ಕೂತು ಕಟ್ಟಿದ ಹಾಡು ಅದು.