‘ಬೆಶ್ಕೆಂಪಿರ್’ ನಿರ್ದೇಶಕರ ಸ್ವಂತ ಕಥೆಯಾ?

ಪ್ರಶ್ನೆ: ಮಧ್ಯ ಏಷ್ಯಾದ ಕಿರ್ಗಿಜ್‌ಸ್ತಾನದ ಸಿನಿಮಾ ‘ಬೆಶ್ಕೆಂಪಿರ್’ ನೋಡಿದೆ. ಆ ಸಾಕುಮಗನ ಕಥೆ ನಿರ್ದೇಶಕರದ್ದೇ ಅಂತಾರೆ. ನಿಜವಾ?

ಹೌದು, ಕಥೆಯ ಬೇರು ಅವರ ಬದುಕಿನಲ್ಲೇ ಇದೆ. 1957ರಲ್ಲಿ ಹುಟ್ಟಿದ ನಿರ್ದೇಶಕ ಅಕ್ತಾನ್ ಅಬ್ದಿಕಲಿಕೋವ್ ಕೂಡ ಸಾಕುಮಗನೇ. ಮಕ್ಕಳು ಜಾಸ್ತಿ ಇರುವ ಮನೆಯವರು ಮಕ್ಕಳಿಲ್ಲದವರಿಗೆ ಒಂದು ಕೂಸನ್ನು ಕೊಡುವ ಪದ್ಧತಿ ಕಿರ್ಗಿಜರಲ್ಲಿ ಹಿಂದಿನಿಂದ ಬಂದಿದೆ. 1998ರ ಈ ಸಿನಿಮಾ ಶುರುವಾಗುವುದೂ ಅಲ್ಲಿಂದಲೇ. ಐದು ಜನ ಮುದುಕಿಯರು ಸೇರಿ ಶಾಸ್ತ್ರ ಮಾಡಿ ಕೂಸನ್ನು ಹೊಸ ಮನೆಗೆ ಒಪ್ಪಿಸುತ್ತಾರೆ.

ಆ ಕೂಸು ಬೆಳೆದು ಹುಡುಗನಾಗುತ್ತಾನೆ. ಗೆಳೆಯರ ಜೊತೆ ಮೈತುಂಬ ಕೆಸರು ಮಾಡಿಕೊಂಡು ಆಡುತ್ತಾನೆ. ತಾನು ಸಾಕುಮಗ ಅನ್ನುವ ಸುಳಿವೇ ಅವನಿಗಿಲ್ಲ. ಒಂದು ದಿನ ಜಗಳದಲ್ಲಿ ಗೆಳೆಯನ ಬಾಯಿಂದ ಆ ಮಾತು ಹೊರಬೀಳುತ್ತದೆ. ಎಂಥ ಪೆಟ್ಟು ಅದು! ಹುಡುಗ ಒಳಗೊಳಗೇ ಕುದಿಯುತ್ತಾನೆ.

ಆಮೇಲೆ ಅಜ್ಜಿ ತೀರಿಕೊಳ್ಳುತ್ತಾಳೆ. ಊರೆಲ್ಲ ಸೇರಿದೆ. ಎಲ್ಲರ ಮುಂದೆ ನಿಂತು ಮಾತಾಡಬೇಕಾದವನು ಇದೇ ಹುಡುಗ. ಅಜ್ಜಿಯಿಂದ ಯಾರಿಗಾದರೂ ಬಾಕಿ ಬರಬೇಕಿದ್ದರೆ ತಾನು ತೀರಿಸುತ್ತೇನೆ, ಅಜ್ಜಿಗೆ ಯಾರಾದರೂ ಕೊಡಬೇಕಿದ್ದರೆ ಅದನ್ನು ಮನ್ನಾ ಮಾಡಿದ್ದೇನೆ ಅನ್ನುತ್ತಾನೆ. ಅವನು ಯಾರ ಮಗ ಅನ್ನುವ ಪ್ರಶ್ನೆಗೆ ಸಿನಿಮಾ ಕೊಡುವ ಉತ್ತರ ಇದೇ ಅಂತ ನನಗನ್ನಿಸುತ್ತದೆ. ಸಾಲ ಹೊರುವವನೇ ಮೊಮ್ಮಗ, ಅಲ್ವಾ? ನೋಡುವವರಿಗೆ ಅಳು ತರಿಸಲು ಸಿನಿಮಾ ಹೊರಟಿಲ್ಲ, ಆದರೂ ಆ ದೃಶ್ಯದಲ್ಲಿ ಗಂಟಲು ಕಟ್ಟುತ್ತದೆ.

ಈ ಹುಡುಗನ ಪಾತ್ರ ಮಾಡಿದ್ದು ನಿರ್ದೇಶಕರ ಸ್ವಂತ ಮಗ ಮಿರ್ಲಾನ್. ಅಪ್ಪನದೇ 1993ರ ಸಿನಿಮಾ ‘ಸೆಲ್ಕಿನ್‌ಚೆಕ್’ನಲ್ಲಿ ಅವನು ಪುಟ್ಟ ಹುಡುಗ. 2001ರ ‘ಮೈಮಿಲ್’ ಹೊತ್ತಿಗೆ ಸೈನ್ಯಕ್ಕೆ ಹೊರಡುವ ವಯಸ್ಸಿನ ಯುವಕ. ಅಪ್ಪ ತನ್ನ ಬಾಲ್ಯವನ್ನು ಮಗನ ಮುಖದಲ್ಲಿಟ್ಟು ಮೂರು ಸಿನಿಮಾ ಮಾಡಿದ್ದಾರೆ. ನನಗೆ ತುಂಬಾ ಹಿಡಿಸಿದ್ದು ಇದು. ಮಿರ್ಲಾನ್ ಮುಂದೆ ತಾನೂ ನಿರ್ದೇಶಕನಾದ.

ಬಣ್ಣದ ಬಗ್ಗೆಯೂ ಒಂದು ಮಾತು. ‘ಬೆಶ್ಕೆಂಪಿರ್’ ಬಹುಪಾಲು ಕಪ್ಪು-ಬಿಳುಪು. ನಡುನಡುವೆ ಥಟ್ಟನೆ ಬಣ್ಣ ಬಂದು ಹೋಗುತ್ತದೆ. ಅಕ್ತಾನ್ ಮೊದಲು ಕಲಿತಿದ್ದು ಚಿತ್ರಕಲೆ. ಕಿರ್ಗಿಜ್‌ಫಿಲ್ಮ್ ಸ್ಟುಡಿಯೋದಲ್ಲಿ ಕಲಾ ನಿರ್ದೇಶಕರಾಗಿದ್ದವರು. ಹಾಗಾಗಿ ಆ ಬಣ್ಣ ಸುಮ್ನೆ ಬಂದಿದ್ದಲ್ಲ. ಬಾಲ್ಯ ನೆನಪಾದಾಗ ನಮಗೂ ಎಲ್ಲವೂ ಬಣ್ಣದಲ್ಲಿ ಕಾಣುವುದಿಲ್ಲ, ಕೆಲವೇ ಕ್ಷಣ ಹಾಗೆ ಹೊಳೆಯುತ್ತವೆ. ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಈ ಸಿನಿಮಾಕ್ಕೆ ‘ಬೆಳ್ಳಿ ಚಿರತೆ’ ಪ್ರಶಸ್ತಿ ಬಂತು.

ಮುಂದೇನು ನೋಡಲಿ ಅಂದರೆ 2010ರ ‘ಸ್ವೆತ್-ಅಕೆ’ ನೋಡಿ. ಬಡವರ ಮನೆಗೆ ಕರೆಂಟ್ ಸಿಗಲಿ ಅಂತ ಮೀಟರಿನಲ್ಲಿ ಕೈಚಳಕ ತೋರಿಸುವ ಹಳ್ಳಿ ಎಲೆಕ್ಟ್ರೀಷಿಯನ್ ಕಥೆ ಅದು. ಆ ಪಾತ್ರ ಮಾಡಿದ್ದು ಅಕ್ತಾನ್ ಅವರೇ. ಅಷ್ಟರಲ್ಲಿ ಅವರು ಅಕ್ತಾನ್ ಅರಿಮ್ ಕುಬಾತ್ ಅಂತ ಹೆಸರು ಬದಲಿಸಿಕೊಂಡಿದ್ದರು. ಆದ್ದರಿಂದ ಅವರ ಸಿನಿಮಾ ಹುಡುಕುವಾಗ ಎರಡೂ ಹೆಸರು ಹಾಕಿ ನೋಡಿ.